ವ್ಯಾಜ್ಯದ ತೋಟಕ್ಕೆ ಪೊಲೀಸ್ ರಕ್ಷಣೆ



ಕಾಫಿ ಹಣ್ಣಾಗುವುದಕ್ಕೂ ದಾಯಾದಿಗಳ ಜಗಳ ಹಣ್ಣಾಗುವುದಕ್ಕೂ ಏನೋ ನಂಟಿರಬೇಕು. ವರ್ಷವಿಡೀ ತೆಪ್ಪಗಿದ್ದ ತಗಾದೆ, ಕೊಯ್ಲಿನ ಆಳುಗಳು ತೋಟಕ್ಕೆ ಇಳಿದ ದಿನ ಎದ್ದು ಕೂರುತ್ತದೆ. ಸರಗೂರು, ಕೋಟೆ ಕಡೆಯ ಸದಸ್ಯರು ಆಗ ಸಂಘದ ಕಚೇರಿಗೆ ಬಂದು ಕೇಳುವ ಪ್ರಶ್ನೆ ಒಂದೇ: “ಸೆಕ್ರೆಟರಿಗಳೇ, ಕೇಸು ಕೋರ್ಟಿನಲ್ಲಿದೆ, ಪೊಲೀಸರನ್ನು ಹಾಕಿಸಿಕೊಳ್ಳಬಹುದೇ?”

ಹಾಕಿಸಿಕೊಳ್ಳಬಹುದು, ಆದರೆ ಆ ದಾರಿ ಠಾಣೆಯಿಂದ ಆರಂಭವಾಗುವುದಿಲ್ಲ. ಜಮೀನು ಯಾರದು, ಹದ್ದು ಎಲ್ಲಿ ಎಂದು ತೀರ್ಮಾನಿಸುವ ಅಧಿಕಾರ ಸಬ್ ಇನ್ಸ್‌ಪೆಕ್ಟರಿಗಿಲ್ಲ. ಹೊಡೆದಾಟ, ಕಳವು ನಡೆದರೆ ದೂರು ದಾಖಲಿಸುವುದು ಅವರ ಕರ್ತವ್ಯ, ಅದು ಬೇರೆ ಮಾತು.

ಕೆಲವರು ನೇರವಾಗಿ ಬೆಂಗಳೂರಿಗೆ ಹೋಗಿ ಹೈಕೋರ್ಟಿನಲ್ಲಿ ಸಂವಿಧಾನದ 226ನೇ ಅನುಚ್ಛೇದದಡಿ ರಿಟ್ ಅರ್ಜಿ ಹಾಕುತ್ತಾರೆ. ಖರ್ಚಿಗೆ ತಕ್ಕ ಫಲ ಸಿಗುವುದು ಅಪರೂಪ. 2006ರಲ್ಲಿ ಕೇರಳದ ಮುರಳೀಧರನ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಇದನ್ನು ಸ್ಪಷ್ಟಪಡಿಸಿದೆ. ಪೊಲೀಸ್ ರಕ್ಷಣೆ ಎಂಬ ಹೆಸರಿನಲ್ಲಿ ಸಿವಿಲ್ ಹಕ್ಕಿನ ವಿವಾದವನ್ನು ರಿಟ್ ಅರ್ಜಿಯಲ್ಲಿ ತೀರ್ಮಾನಿಸಲಾಗದು. ಸಿವಿಲ್ ಕೋರ್ಟಿನ ಡಿಕ್ರಿಯೋ ಆದೇಶವೋ ಇದ್ದವರ ಸಂಗತಿ ಬೇರೆ.

ಆದುದರಿಂದ ಮೊದಲು ಬೇಕಾದದ್ದು ದಾವೆ ನಡೆಯುತ್ತಿರುವ ಕೋರ್ಟಿನಿಂದಲೇ ತಡೆಯಾಜ್ಞೆ. ಅದು ಸಿವಿಲ್ ಪ್ರಕ್ರಿಯಾ ಸಂಹಿತೆಯ 39ನೇ ಆದೇಶದಡಿ ಸಿಗುವಂಥದು. ಎದುರುದಾರರು ಅದನ್ನು ಮೀರಿದರೆ ಅದೇ ಕೋರ್ಟಿಗೆ 151ನೇ ಪ್ರಕರಣದಡಿ ಪೊಲೀಸ್ ನೆರವಿಗೆ ಅರ್ಜಿ ಕೊಡಬಹುದು. ಕೋರ್ಟಿಗೆ ಈ ಅಧಿಕಾರ ಉಂಟೆಂದು ಆಂಧ್ರ ಹೈಕೋರ್ಟು ಹೇಳಿದ ತೀರ್ಪು 1971ರಲ್ಲೇ ವರದಿಯಾಗಿದೆ. ಇದಲ್ಲದೆ ಆಜ್ಞೆ ಮೀರಿದವರ ಆಸ್ತಿ ಜಪ್ತಿಗೂ ಮೂರು ತಿಂಗಳವರೆಗಿನ ಸಿವಿಲ್ ಜೈಲಿಗೂ 2-ಎ ನಿಯಮದಲ್ಲಿ ಅವಕಾಶವಿದೆ.

ಇಲ್ಲಿ ಒಂದು ಸೂಕ್ಷ್ಮವಿದೆ. ತಡೆಯಾಜ್ಞೆ ಇರುವುದು ಸ್ವಾಧೀನದಲ್ಲಿ ಇರುವವರನ್ನು ಉಳಿಸಲು, ಇಲ್ಲದವರಿಗೆ ಸ್ವಾಧೀನ ಕೊಡಿಸಲು ಅಲ್ಲ. ಏಕಪಕ್ಷೀಯ ಆಜ್ಞೆ ತಂದು, ಪೊಲೀಸ್ ಜೀಪಿನ ಹಿಂದೆ ಆಳುಗಳನ್ನು ಕರೆತಂದು ಇನ್ನೊಬ್ಬರು ಸಾಕಿದ ಗಿಡದ ಹಣ್ಣು ಕೊಯ್ಯುವುದನ್ನು ರಕ್ಷಣೆ ಎನ್ನಲು ನನಗೆ ಮನಸ್ಸು ಬಾರದು. ಕೋರ್ಟುಗಳೂ ಈ ಅಪಾಯ ಅರಿತೇ ಎದುರುದಾರರನ್ನು ಕೇಳದೆ ಪೊಲೀಸರನ್ನು ಕಳಿಸಲು ಹಿಂದೇಟು ಹಾಕುತ್ತವೆ. ಪಹಣಿ, ಕಂದಾಯ ರಸೀದಿ, ಆಳುಗಳ ಹಾಜರಿ ಪುಸ್ತಕ, ಗೊಬ್ಬರದ ಬಿಲ್ಲು, ಹಿಂದಿನ ವರ್ಷಗಳ ತೂಕದ ಚೀಟಿ ಇವೆಲ್ಲ ಸ್ವಾಧೀನಕ್ಕೆ ಸಾಕ್ಷಿ. ಇವನ್ನು ಟ್ರಂಕಿನಲ್ಲಿ ಇಲಿಗೆ ಬಿಡಬೇಡಿ.

ಅಣ್ಣತಮ್ಮಂದಿರ ವಿಭಾಗದ ದಾವೆ ಇನ್ನೂ ಕಷ್ಟ. ಒಟ್ಟು ಆಸ್ತಿಯಲ್ಲಿ ಒಬ್ಬನ ಸ್ವಾಧೀನ ಎಲ್ಲರ ಸ್ವಾಧೀನವೆಂದೇ ಕಾನೂನಿನ ಸಾಮಾನ್ಯ ಎಣಿಕೆಯಾದ್ದರಿಂದ, ತಮ್ಮನ ವಿರುದ್ಧ ಅಣ್ಣನಿಗೆ ಪೊಲೀಸ್ ರಕ್ಷಣೆ ಸುಲಭವಾಗಿ ದೊರೆಯದು. ಆದರೆ ಕೋರ್ಟಿನ ತಾರೀಖಿಗೆ ಹಣ್ಣು ಕಾಯುವುದೇ? ನೆಲಕ್ಕೆ ಉದುರಿದ ಕಾಫಿ ಇಬ್ಬರಿಗೂ ಇಲ್ಲ. ಇಂಥಲ್ಲಿ 40ನೇ ಆದೇಶದಡಿ ರಿಸೀವರ್ ನೇಮಿಸುವಂತೆ ಕೋರಬಹುದು. ರಿಸೀವರು ಕೊಯ್ಲು ಮಾಡಿಸಿ ಮಾರಿ, ಕೂಲಿ ಕಳೆದು ಉಳಿದ ಹಣವನ್ನು ಕೋರ್ಟಿನಲ್ಲಿ ಠೇವಣಿ ಇಡುತ್ತಾರೆ. ಯಾರು ಗೆದ್ದರೂ ಹಣ ಉಳಿದಿರುತ್ತದೆ. ಅರ್ಜಿಯನ್ನು ಮಾತ್ರ ಹಣ್ಣು ಕೆಂಪಾಗುವ ಮೊದಲೇ ಹಾಕಬೇಕು.

ವ್ಯಾಜ್ಯದಲ್ಲಿರುವ ತೋಟದ ಕಾಫಿ, ಅಡಿಕೆಯನ್ನು ಸಂಘಕ್ಕೆ ತರುವವರು ಕೋರ್ಟಿನ ಆದೇಶವಿದ್ದಲ್ಲಿ ಅದರ ದೃಢೀಕೃತ ನಕಲನ್ನು ತೂಕಕ್ಕೆ ಮುಂಚೆಯೇ ಕಚೇರಿಗೆ ಕೊಡತಕ್ಕದ್ದು. ಪಟ್ಟಿ ಯಾರ ಹೆಸರಿಗೆ ಬರೆಯಬೇಕೆಂಬುದನ್ನು ನಮ್ಮ ಗುಮಾಸ್ತರು ತೀರ್ಮಾನಿಸಲಾರರು.