ನೆನಪಿಗೆ ಅಳತೆಗೋಲುಂಟೆ?

ವಿದ್ಯಾಗಿರಿಯ ನಮ್ಮ ಮನೆಯಲ್ಲಿ ತಾಯಿಯವರದೊಂದು ಭಾವಚಿತ್ರವಿದೆ. ಹಿಂದೆ ಸ್ಟುಡಿಯೋದ ಪರದೆ, ಪರದೆಯ ಮೇಲೆ ಸರೋವರ, ಮೈಮೇಲೆ ಇಳಕಲ್ಲ ಸೀರೆ, ಕೈಯಲ್ಲೊಂದು ಪುಸ್ತಕ. ತಾಯಿಗೆ ಅಕ್ಷರ ಬರುತ್ತಿರಲಿಲ್ಲ. ಪುಸ್ತಕ ಛಾಯಾಗ್ರಾಹಕನದು. ಹಾಗಾದರೆ ಆ ಚಿತ್ರ ಸುಳ್ಳೆ? ಬಹುಕಾಲ ಕಾಡಿದ ಈ ಪ್ರಶ್ನೆಗೆ ನನಗೆ ದಾರಿ ತೋರಿದವು ಕಲಾವಿದೆ ಪುಷ್ಪಮಾಲಾ ಎನ್. ಅವರ ಕೃತಿಗಳು.

1956ರಲ್ಲಿ ಬೆಂಗಳೂರಿನಲ್ಲಿ ಜನಿಸಿದ ಪುಷ್ಪಮಾಲಾ ಬರೋಡೆಯಲ್ಲಿ ಶಿಲ್ಪಕಲೆಯನ್ನು ಅಭ್ಯಾಸ ಮಾಡಿದವರು. ಮೊದಲು ಸುಟ್ಟ ಮಣ್ಣಿನಲ್ಲಿ ಆಕೃತಿಗಳನ್ನು ರೂಪಿಸುತ್ತಿದ್ದ ಇವರು, 1990ರ ದಶಕದಲ್ಲಿ ತಾವೇ ವೇಷ ತೊಟ್ಟು ಕ್ಯಾಮರಾದ ಮುಂದೆ ನಿಂತರು. ಮಣ್ಣಿನ ಸ್ಥಾನವನ್ನು ಅವರ ದೇಹವೇ ತೆಗೆದುಕೊಂಡಿತು ಎನ್ನಬಹುದು.

2000ದಿಂದ 2004ರವರೆಗೆ ಛಾಯಾಗ್ರಾಹಕಿ ಕ್ಲೇರ್ ಆರ್ನಿಯವರೊಡನೆ ಮಾಡಿದ ದಕ್ಷಿಣ ಭಾರತದ ಸ್ತ್ರೀಯರ ಚಿತ್ರಮಾಲೆಯಲ್ಲಿ ಅವರು ರವಿವರ್ಮನ ಲಕ್ಷ್ಮಿಯಾಗುತ್ತಾರೆ. ನಮ್ಮ ಬಿಜಾಪುರದ ಆದಿಲಶಾಹಿ ಚಿತ್ರಕಲೆಯ ಯೋಗಿನಿಯೂ ಆಗುತ್ತಾರೆ. ಆ ಯೋಗಿನಿಯ ಮೂಲಚಿತ್ರ ಇಂದು ದೂರದ ಡಬ್ಲಿನ್ನಿನ ಸಂಗ್ರಹಾಲಯದಲ್ಲಿದೆ. ಇನ್ನೊಂದು ಚಿತ್ರದಲ್ಲಿ ಅವರು ಚೌಕಳಿ ಪರದೆಯ ಮುಂದೆ ನಿಂತ ತೋಡ ಹೆಂಗಸು. 19ನೆಯ ಶತಮಾನದ ಬ್ರಿಟಿಷರು ಹೀಗೆ ಜನರನ್ನು ನಿಲ್ಲಿಸಿ, ಮೈಯನ್ನು ಅಳೆದು, ಜಾತಿಜನಾಂಗಗಳ ಪಟ್ಟಿಗೆ ಸೇರಿಸುತ್ತಿದ್ದರು. ಅದೇ ಭಂಗಿಯಲ್ಲಿ ನಿಂತ ಕಲಾವಿದೆ, ನಮ್ಮ ಗುರುತನ್ನು ಬರೆಯುವವರು ಯಾರು ಎಂದು ಕೇಳುತ್ತಾರೆ.

2004ರ ಕಪ್ಪು-ಬಿಳುಪು ಕಿರುಚಿತ್ರ 'ರಾಷ್ಟ್ರೀಯ ಖೀರ್ ಮತ್ತು ದೇಶೀಯ ಸಲಾಡ್' ಇನ್ನೂ ಹತ್ತಿರದ್ದು. ತಾಯಿ ಮತ್ತು ಅತ್ತೆಯವರ ಅಡಿಗೆಯ ಟಿಪ್ಪಣಿ ಪುಸ್ತಕಗಳು ಅದರ ಆಧಾರ. ಸ್ವಾತಂತ್ರ್ಯಾನಂತರದ ರಾಷ್ಟ್ರ ನಿರ್ಮಾಣದ ಕನಸು ಅಡಿಗೆಮನೆಯನ್ನು ಹೊಕ್ಕ ಬಗೆಯನ್ನು ಅದು ನಗುನಗುತ್ತಲೇ ತೋರಿಸುತ್ತದೆ. ಇತಿಹಾಸವೆಂದರೆ ದಫ್ತರವಷ್ಟೇ ಅಲ್ಲ, ಎಣ್ಣೆಯ ಕಲೆ ಹತ್ತಿದ ವಹಿಯೂ ಹೌದು.

ಈ ಮಾತು ಬಾಗಲಕೋಟೆಯವರಿಗೆ ಬೇಗ ತಿಳಿದೀತು. ಆಲಮಟ್ಟಿಯ ಹಿನ್ನೀರು ಹಳೆಯ ಊರಿನ ತಗ್ಗಿನ ಭಾಗಗಳನ್ನು ನುಂಗುವ ಮೊದಲು ನಮ್ಮ ಮನೆಯನ್ನೂ ಅಳೆದರು. ಗೋಡೆ, ತೊಲೆ, ಬಾಗಿಲು, ಎಲ್ಲವೂ ಕಾಗದಕ್ಕೆ ಬಂದವು. ಅಳತೆಯಲ್ಲಿ ತಪ್ಪಿರಲಿಲ್ಲ. ಆದರೆ ತಾಯಿ ಕುಳಿತು ರೊಟ್ಟಿ ಬಡಿಯುತ್ತಿದ್ದ ಜಾಗಕ್ಕೆ ಅಲ್ಲಿ ಅಂಕಣವಿರಲಿಲ್ಲ. ಆ ಮನೆ ಈಗಿಲ್ಲ, ತಾಯಿಯೂ ಇಲ್ಲ. ಉಳಿದದ್ದು ಆ ಕಾಗದ ಮತ್ತು ಈ ಭಾವಚಿತ್ರ.

ಕಾಗದ ನಿಜ ಹೇಳುತ್ತದೆ. ಆದರೆ ತಾಯಿಯ ವಿಷಯ ಏನನ್ನೂ ಹೇಳುವುದಿಲ್ಲ. ಭಾವಚಿತ್ರದ ಪುಸ್ತಕ ಎರವಿನದು. ಅದನ್ನು ಎದೆಗೊತ್ತಿ ಹಿಡಿದ ಕೈಗಳ ಆಸೆ ಮಾತ್ರ ಅವರದೇ. ನನ್ನನ್ನು ಓದಿಸಿದ್ದು ಆ ಆಸೆಯೇ. ವೇಷದಲ್ಲಿಯೂ ಸತ್ಯವಿರಬಲ್ಲದು ಎಂದು ಈ ಕಲಾವಿದೆಯಿಂದ ನಾನು ತಡವಾಗಿ ಕಲಿತೆ.

ಕೇಳುಗರಲ್ಲಿ ನನ್ನದೊಂದು ಬಿನ್ನಹ: ನಿಮ್ಮ ಮನೆಯ ಹಳೆಯ ಚಿತ್ರಗಳ ಹಿಂದೆ ಹೆಸರು, ಊರು, ವರ್ಷಗಳನ್ನು ಇಂದೇ ಬರೆದಿಡಿ. ಹೇಳಬಲ್ಲವರು ಇನ್ನೂ ಮನೆಯಲ್ಲಿರುವಾಗಲೇ ಕೇಳಿಕೊಳ್ಳಿ.