ರಕ್ಕಸನ ಕೈಗಳು

1931ರಲ್ಲಿ ಯೂನಿವರ್ಸಲ್ ಸಂಸ್ಥೆ ಹೊರತಂದ ‘ಫ್ರಾಂಕೆನ್‌ಸ್ಟೈನ್’ ಚಿತ್ರದ ಆರಂಭದ ಪಾತ್ರಪಟ್ಟಿಯಲ್ಲಿ ರಕ್ಕಸನ ಎದುರಿಗೆ ನಟನ ಹೆಸರಿಲ್ಲ. ಒಂದು ಪ್ರಶ್ನಾರ್ಥಕ ಚಿಹ್ನೆಯಿದೆ. ಅದು ಪ್ರೇಕ್ಷಕರ ಕುತೂಹಲವನ್ನು ಕೆರಳಿಸಲು ಹೂಡಿದ ಉಪಾಯ. ಆದರೆ ಆ ಚಿಹ್ನೆಯ ಮರೆಯಲ್ಲಿದ್ದ ಬೋರಿಸ್ ಕಾರ್ಲಾಫನಿಗೆ ಅಜ್ಞಾತವಾಸ ಹೊಸದಾಗಿರಲಿಲ್ಲ.

ಆತನ ನಿಜನಾಮ ವಿಲಿಯಂ ಹೆನ್ರಿ ಪ್ರ್ಯಾಟ್. ಹಿಂದೂಸ್ಥಾನದ ಉಪ್ಪಿನ ಸುಂಕದ ಇಲಾಖೆಯಲ್ಲಿ ಸೇವೆ ಸಲ್ಲಿಸಿದ್ದವನೊಬ್ಬನ ಕಿರಿಯ ಮಗನಾಗಿ 1887ರಲ್ಲಿ ಲಂಡನ್ನಿನಲ್ಲಿ ಜನಿಸಿ, ಸರ್ಕಾರಿ ಹುದ್ದೆಯನ್ನು ಬಯಸಿದ ಮನೆಯವರ ಮಾತನ್ನು ಮೀರಿ 1909ರಲ್ಲಿ ಕೆನಡಾಕ್ಕೆ ಹೊರಟುಹೋದ ಈತ, ಹೊಟ್ಟೆಪಾಡಿಗೆ ಕೂಲಿಮಾಡುತ್ತ, ಊರೂರು ತಿರುಗುವ ನಾಟಕಮಂಡಲಿಗಳಲ್ಲಿ ದುಡಿಯುತ್ತ, ಕಡೆಗೆ ಹಾಲಿವುಡ್ಡನ್ನು ಸೇರಿ, ಮೂಕಿ ಚಿತ್ರಗಳಲ್ಲಿ ಕೇಡಿಗನಾಗಿಯೋ, ಪೂರ್ವಿಕರಲ್ಲಿ ಭಾರತೀಯರೂ ಇದ್ದುದರಿಂದ ಬಂದ ಕಂದು ಮೈಬಣ್ಣದ ದೆಸೆಯಿಂದ ಪೂರ್ವದೇಶದವನಾಗಿಯೋ ಕ್ಷಣಕಾಲ ಕಂಡು ಮರೆಯಾಗುತ್ತಿದ್ದನು. ಅದೂ ದೊರೆಯದಾದಾಗ ಲಾರಿ ನಡೆಸಿದನು. ಆ ವರ್ಷಗಳನ್ನು ನಾನು ವ್ಯರ್ಥವೆನ್ನಲಾರೆ. ನುಡಿಯ ಆಸರೆಯಿಲ್ಲದೆ ಮನಸ್ಸನ್ನು ತೋರುವ ವಿದ್ಯೆ ಆತನಿಗೆ ಸಿದ್ಧಿಸಿದುದು ಅಲ್ಲಿಯೇ.

ರಕ್ಕಸನ ಪಾತ್ರಕ್ಕಾಗಿ ಪ್ರಸಾಧಕ ಜ್ಯಾಕ್ ಪಿಯರ್ಸ್ ದಿನವೂ ಸುಮಾರು ನಾಲ್ಕು ಗಂಟೆ ಶ್ರಮಿಸಿ ಆ ಚಪ್ಪಟೆ ನೆತ್ತಿಯನ್ನೂ ಜೋಲುವ ರೆಪ್ಪೆಗಳನ್ನೂ ರೂಪಿಸುತ್ತಿದ್ದನು. ಕಾರ್ಲಾಫನೋ ತನ್ನ ಕಟ್ಟಿಸಿದ ಹಲ್ಲುಗಳನ್ನು ತೆಗೆದಿಟ್ಟು ಒಂದು ಕೆನ್ನೆಯನ್ನು ಗುಳಿಬೀಳಿಸಿದನು. ಇಷ್ಟು ಬಳಿದ ಮೇಲೂ ಆ ಮುಖದಲ್ಲಿ ಜೀವ ಉಳಿಯಿತೆಂಬುದೇ ನನಗೆ ಬೆರಗು. ಕತ್ತಲೆಯನ್ನಲ್ಲದೆ ಬೇರೇನನ್ನೂ ಕಾಣದಿದ್ದ ಆ ಜೀವಿಯ ಮೇಲೆ, ಛಾವಣಿಯ ಗವಾಕ್ಷ ತೆರೆದು ಬೆಳಕು ಬಿದ್ದಾಗ, ಅದು ಮೆಲ್ಲನೆ ಮುಖವೆತ್ತಿ, ಎದ್ದುನಿಂತು, ಬೆಳಕು ಹಿಡಿಗೆ ಸಿಕ್ಕೀತೆಂಬ ಆಸೆಯಿಂದ ಎರಡು ಕೈಗಳನ್ನೂ ಮೇಲಕ್ಕೆ ಚಾಚುತ್ತದೆ. ಗವಾಕ್ಷ ಮುಚ್ಚಿದೊಡನೆ ಅವೇ ಕೈಗಳು ತನ್ನನ್ನು ಸೃಜಿಸಿದವನ ಕಡೆಗೆ, ಬೇಡುವಂತೆ, ತಿರುಗುತ್ತವೆ. ಹೆತ್ತವರನ್ನು ಅರಸುವ ಕೂಸು ಅದು.

ಸರೋವರದ ದಡದಲ್ಲಿ ಹುಡುಗಿಯೊಬ್ಬಳು ಅದಕ್ಕೆ ಹೂಗಳನ್ನು ನೀರಿನಲ್ಲಿ ತೇಲಿಬಿಡುವ ಆಟವನ್ನು ಕಲಿಸುತ್ತಾಳೆ. ಹೂಗಳು ಮುಗಿದಾಗ, ಇವಳೂ ತೇಲುವಳೆಂದು ನಂಬಿ ಅದು ಅವಳನ್ನೇ ನೀರಿಗೆ ಹಾಕುತ್ತದೆ. ಆ ಕ್ಷಣವನ್ನು ಸೆನ್ಸಾರಿನ ಕತ್ತರಿ ತೆಗೆದುಹಾಕಿದ್ದರಿಂದ, ಅಜ್ಞಾನದ ದುರಂತವಾಗಿದ್ದುದು ನೋಡುವವರ ಕಲ್ಪನೆಯಲ್ಲಿ ಇನ್ನೂ ಘೋರವಾದ ಕೃತ್ಯವಾಯಿತು. ಕತ್ತರಿಸಿದ ಆ ತುಣುಕು ಚಿತ್ರಕ್ಕೆ ಮರಳಿದುದು ದಶಕಗಳ ಬಳಿಕ.

ಚಿತ್ರೀಕರಣದ ಹೊತ್ತುಗೊತ್ತಿಲ್ಲದ ದುಡಿಮೆಯ ಕಷ್ಟವನ್ನು ಬಲ್ಲ ಕಾರ್ಲಾಫ್, 1933ರಲ್ಲಿ ಹುಟ್ಟಿದ ಚಿತ್ರನಟರ ಸಂಘದ ಸ್ಥಾಪಕರಲ್ಲೊಬ್ಬನಾದನು. ಮುಂದೆ ಟೆಲಿವಿಷನ್ನು ಬಂದಾಗ, 1960ರಿಂದ 1962ರವರೆಗೆ ‘ಥ್ರಿಲರ್’ ಮಾಲಿಕೆಯ ಕಥೆಗಳನ್ನು ನೋಡುಗರಿಗೆ ಪರಿಚಯಿಸುತ್ತಿದ್ದವನೂ ಆತನೇ. 1966ರಲ್ಲಿ ಡಾಕ್ಟರ್ ಸ್ಯೂಸನ ಮಕ್ಕಳ ಕ್ರಿಸ್‌ಮಸ್ ಕಥೆಯಾದ ‘ಗ್ರಿಂಚ್’ ಕಾರ್ಟೂನು ರೂಪ ತಳೆದಾಗ ಅದರ ಕಥನಕ್ಕೆ ತನ್ನ ಮೃದುವಾದ, ಕೊಂಚ ತೊದಲುವ ಕಂಠವನ್ನಿತ್ತನು; ಮೂರು ವರ್ಷಗಳೊಳಗೆ, 1969ರ ಫೆಬ್ರವರಿಯಲ್ಲಿ, ಸಸೆಕ್ಸಿನಲ್ಲಿ ತೀರಿಕೊಂಡನು. ಕ್ರಿಸ್‌ಮಸ್ ಬಂದಾಗ ಅಮೆರಿಕದ ಮನೆಗಳಲ್ಲಿ ಮಕ್ಕಳು ಈಗಲೂ ಆ ಕಂಠಕ್ಕೆ ಕಿವಿಗೊಡುತ್ತಾರೆ.