ಗೃಹಸಾಲ ಮರುಪಾವತಿಯ ನಿಜವೆಚ್ಚ

ಗೃಹಸಾಲ ಮರುಪಾವತಿಯ ನಿಜವೆಚ್ಚ ಎಂದರೆ ಮನೆಯನ್ನು ಕೊಳ್ಳಲು, ಕಟ್ಟಲು ಅಥವಾ ವಿಸ್ತರಿಸಲು ಅಡಮಾನದ ಮೇಲೆ ಪಡೆದ ಸಾಲವು ಪೂರ್ಣವಾಗಿ ತೀರುವವರೆಗೆ ಸಾಲಗಾರನು ತೆರುವ ಎಲ್ಲ ಮೊತ್ತಗಳ ಒಟ್ಟು ಲೆಕ್ಕ. ಅಸಲು, ಬಡ್ಡಿ, ಪರಿಶೀಲನಾ ಶುಲ್ಕ, ಕಾನೂನು ಹಾಗೂ ನೋಂದಣಿ ವೆಚ್ಚ, ವಿಮಾ ಕಂತು ಇವೆಲ್ಲವೂ ಇದರಲ್ಲಿ ಸೇರುತ್ತವೆ. ಸಾಲ ಕೊಡುವ ಸಂಸ್ಥೆಗಳ ಜಾಹೀರಾತಿನಲ್ಲಿ ಎದ್ದು ಕಾಣುವುದು ಬಡ್ಡಿದರ ಮತ್ತು ತಿಂಗಳ ಕಂತು ಮಾತ್ರ. ಇವೆರಡನ್ನಷ್ಟೇ ನೋಡಿ ನಿರ್ಧರಿಸಿದರೆ, ಪಡೆದ ಹಣದ ಎರಡು ಪಟ್ಟಿಗಿಂತ ಹೆಚ್ಚು ಹಿಂದಿರುಗಿಸಬೇಕಾದೀತೆಂಬುದು ಅನೇಕ ವೇಳೆ ಅರಿವಿಗೆ ಬರುವುದಿಲ್ಲ.

ಈ ಲೇಖನವು ಭಾರತದಲ್ಲಿನ ನಿಯಮಗಳನ್ನು ಆಧರಿಸಿದೆ. ಕಲಬುರಗಿ ಜಿಲ್ಲೆಯ ಸೇಡಂ, ಚಿತ್ತಾಪುರ, ವಾಡಿ, ಶಹಾಬಾದ್ ಮತ್ತು ಚಿಂಚೋಳಿ ಭಾಗದ ಪರಿಸ್ಥಿತಿಯನ್ನು ಪ್ರತ್ಯೇಕವಾಗಿ ವಿವರಿಸಲಾಗಿದೆ.

## ಪರಿಭಾಷೆ

* ಅಸಲು: ಸಾಲವಾಗಿ ಪಡೆದ ಮೂಲ ಮೊತ್ತ.
* ಅಡಮಾನ: ಸಾಲಕ್ಕೆ ಭದ್ರತೆಯಾಗಿ ಸ್ಥಿರಾಸ್ತಿಯ ಮೇಲೆ ಸಾಲದಾತನಿಗೆ ಹಕ್ಕು ನೀಡುವುದು. ಮಾಲೀಕತ್ವದ ಮೂಲ ದಾಖಲೆಗಳನ್ನು ಬ್ಯಾಂಕಿನಲ್ಲಿ ಇರಿಸಿ ಮಾಡುವ ಅಡಮಾನವು 1882ರ ಸ್ವತ್ತು ವರ್ಗಾವಣೆ ಕಾಯ್ದೆಯಲ್ಲಿ ಹೇಳಿರುವ ಅಡಮಾನದ ಬಗೆಗಳಲ್ಲಿ ಒಂದು. ಗೃಹಸಾಲಗಳಲ್ಲಿ ಹೆಚ್ಚು ಬಳಕೆಯಲ್ಲಿರುವುದು ಇದೇ.
* ಮಾಸಿಕ ಸಮಾನ ಕಂತು: ಅಸಲಿನ ಒಂದು ಭಾಗ ಮತ್ತು ಆ ತಿಂಗಳ ಬಡ್ಡಿ ಎರಡೂ ಸೇರಿ ಪ್ರತಿ ತಿಂಗಳು ಕಟ್ಟುವ ಒಂದೇ ಮೊತ್ತ. ಆಡುಮಾತಿನಲ್ಲಿ ಇದು ಇಎಂಐ.
* ಇಳಿಯುವ ಬಾಕಿಯ ಬಡ್ಡಿ: ಉಳಿದಿರುವ ಅಸಲಿಗೆ ಮಾತ್ರ ಹಾಕುವ ಬಡ್ಡಿ.
* ಸಪಾಟು ಬಡ್ಡಿ: ಅಸಲು ಕರಗುತ್ತಿದ್ದರೂ ಮೊದಲ ಮೊತ್ತದ ಮೇಲೆಯೇ ಕೊನೆಯವರೆಗೆ ಹಾಕುವ ಬಡ್ಡಿ. 8% ಸಪಾಟು ದರದ ಐದು ವರ್ಷದ ಸಾಲವು ಇಳಿಯುವ ಬಾಕಿಯ ಲೆಕ್ಕದಲ್ಲಿ ಸುಮಾರು 14% ಬಡ್ಡಿಗೆ ಸಮ. ಆದ್ದರಿಂದ ದರ ಎಷ್ಟೆಂದು ಕೇಳುವ ಮೊದಲು ಅದು ಯಾವ ಬಗೆಯದೆಂದು ಕೇಳಬೇಕು.

## ಕಂತಿನೊಳಗಿನ ಲೆಕ್ಕ

₹20 ಲಕ್ಷ ಸಾಲವನ್ನು ವಾರ್ಷಿಕ 8.5% ಬಡ್ಡಿಗೆ 20 ವರ್ಷಗಳ ಅವಧಿಗೆ ಪಡೆದರೆ ತಿಂಗಳ ಕಂತು ₹17,356 ಆಗುತ್ತದೆ. ಮೊದಲ ತಿಂಗಳ ಬಡ್ಡಿ ₹14,167. ಕಂತಿನಲ್ಲಿ ಉಳಿದ ₹3,189 ಮಾತ್ರ ಅಸಲಿಗೆ ಜಮೆಯಾಗುತ್ತದೆ. ಮರುತಿಂಗಳು ಅಸಲು ಅಷ್ಟು ಕಡಿಮೆಯಾಗಿರುವುದರಿಂದ ಬಡ್ಡಿ ತುಸು ಇಳಿಯುತ್ತದೆ, ಅಸಲಿನ ಪಾಲು ತುಸು ಏರುತ್ತದೆ. ಕಂತು ಸಮಾನವಾಗಿದ್ದರೂ ಅದರೊಳಗಿನ ಹಂಚಿಕೆ ತಿಂಗಳಿನಿಂದ ತಿಂಗಳಿಗೆ ಬದಲಾಗುತ್ತಲೇ ಇರುತ್ತದೆ.

ಮೊದಲ ವರ್ಷದಲ್ಲಿ ಒಟ್ಟು ಸುಮಾರು ₹2.08 ಲಕ್ಷ ಕಟ್ಟಿದರೂ ಅಸಲಿನಲ್ಲಿ ತೀರುವುದು ₹40,000ಕ್ಕಿಂತ ಸ್ವಲ್ಪ ಕಡಿಮೆ. ಐದು ವರ್ಷ ಮುಗಿದಾಗ ₹10.41 ಲಕ್ಷ ಕಟ್ಟಿಯಾಗಿರುತ್ತದೆ, ಬಾಕಿ ₹17.63 ಲಕ್ಷ ಇರುತ್ತದೆ. ಅರ್ಧ ಅವಧಿ, ಅಂದರೆ ಹತ್ತು ವರ್ಷ ಕಳೆದಾಗಲೂ ₹14 ಲಕ್ಷದಷ್ಟು, ಎಂದರೆ ಅಸಲಿನ 70 ಭಾಗ ಉಳಿದೇ ಇರುತ್ತದೆ. ಅರ್ಧ ಅಸಲು ತೀರುವುದು ಸುಮಾರು 13 ವರ್ಷ 10 ತಿಂಗಳ ಹೊತ್ತಿಗೆ. ಮನೆಯನ್ನು ನಡುವೆ ಮಾರಬೇಕಾಗಿ ಬಂದವರಿಗೆ ಬಾಕಿಯ ಮೊತ್ತ ಅನಿರೀಕ್ಷಿತವಾಗಿ ದೊಡ್ಡದೆನಿಸುವುದಕ್ಕೆ ಇದೇ ಕಾರಣ. ಇದರಲ್ಲಿ ಮೋಸವಿಲ್ಲ. ಬಾಕಿ ದೊಡ್ಡದಾಗಿರುವ ಆರಂಭದ ವರ್ಷಗಳಲ್ಲಿ ಅದರ ಬಡ್ಡಿಯೂ ದೊಡ್ಡದಾಗಿರುತ್ತದೆ, ಅಷ್ಟೆ.

## ಅವಧಿಯ ಪರಿಣಾಮ

₹20 ಲಕ್ಷ ಸಾಲಕ್ಕೆ 8.5% ದರದಲ್ಲಿ ವಿವಿಧ ಅವಧಿಗಳ ಲೆಕ್ಕ ಹೀಗಿದೆ:

| ಅವಧಿ | ತಿಂಗಳ ಕಂತು | ಒಟ್ಟು ಬಡ್ಡಿ | ಒಟ್ಟು ಪಾವತಿ |
|---|---|---|---|
| 10 ವರ್ಷ | ₹24,797 | ₹9.76 ಲಕ್ಷ | ₹29.76 ಲಕ್ಷ |
| 15 ವರ್ಷ | ₹19,695 | ₹15.45 ಲಕ್ಷ | ₹35.45 ಲಕ್ಷ |
| 20 ವರ್ಷ | ₹17,356 | ₹21.66 ಲಕ್ಷ | ₹41.66 ಲಕ್ಷ |
| 25 ವರ್ಷ | ₹16,105 | ₹28.31 ಲಕ್ಷ | ₹48.31 ಲಕ್ಷ |
| 30 ವರ್ಷ | ₹15,378 | ₹35.36 ಲಕ್ಷ | ₹55.36 ಲಕ್ಷ |

ಅವಧಿಯನ್ನು 10ರಿಂದ 15 ವರ್ಷಕ್ಕೆ ಏರಿಸಿದರೆ ಕಂತು ₹5,100ರಷ್ಟು ಇಳಿಯುತ್ತದೆ. 25ರಿಂದ 30ಕ್ಕೆ ಏರಿಸಿದರೆ ಇಳಿಯುವುದು ₹727 ಮಾತ್ರ, ಆದರೆ ಬಡ್ಡಿ ₹7 ಲಕ್ಷಕ್ಕೂ ಮಿಗಿಲಾಗಿ ಹೆಚ್ಚುತ್ತದೆ. ಅವಧಿ ದೀರ್ಘವಾದಂತೆ ಕಂತಿನ ಅನುಕೂಲ ಕುಗ್ಗುತ್ತದೆ, ಬಡ್ಡಿಯ ಹೊರೆ ಹಿಗ್ಗುತ್ತದೆ.

ಒಟ್ಟು ಬಡ್ಡಿಯೊಂದೇ ಅಳತೆಗೋಲಲ್ಲ ಎಂಬುದನ್ನೂ ಗಮನಿಸಬೇಕು. ಬೆಲೆಗಳು ವರ್ಷಕ್ಕೆ 5%ರಂತೆ ಏರುತ್ತವೆಂದು ಊಹಿಸಿದರೆ, 20 ವರ್ಷಗಳ ನಂತರ ಕಟ್ಟುವ ₹17,356ರ ಕೊಳ್ಳುವ ಶಕ್ತಿ ಇಂದಿನ ಸುಮಾರು ₹6,500ಕ್ಕೆ ಸಮ. ಸ್ವಂತ ಮನೆಯಿಂದ ಉಳಿಯುವ ಬಾಡಿಗೆಯನ್ನೂ ಲೆಕ್ಕಕ್ಕೆ ಹಿಡಿಯಬೇಕು. ಆದರೆ ಆದಾಯವು ಬೆಲೆಗಳೊಂದಿಗೆ ಏರುವವರಿಗೆ ಮಾತ್ರ ಈ ಸಮಾಧಾನ ಅನ್ವಯಿಸುತ್ತದೆ.

## ಬದಲಾಗುವ ಬಡ್ಡಿದರ

ಭಾರತದಲ್ಲಿ ಗೃಹಸಾಲಗಳು ಬಹುಮಟ್ಟಿಗೆ ಬದಲಾಗುವ ಬಡ್ಡಿದರದವು. ಬ್ಯಾಂಕುಗಳು ದರ ನಿಗದಿ ಮಾಡುವ ಕ್ರಮವನ್ನು ಭಾರತೀಯ ರಿಸರ್ವ್ ಬ್ಯಾಂಕ್ ಕಾಲಕಾಲಕ್ಕೆ ಬದಲಿಸಿದೆ. 2010ರ ಜುಲೈನಲ್ಲಿ ಮೂಲದರ ಪದ್ಧತಿಯೂ, 2016ರ ಏಪ್ರಿಲ್‌ನಲ್ಲಿ ನಿಧಿವೆಚ್ಚ ಆಧರಿಸಿದ ಎಂಸಿಎಲ್ಆರ್ ಪದ್ಧತಿಯೂ ಜಾರಿಗೆ ಬಂದವು. 2019ರ ಅಕ್ಟೋಬರ್ 1ರಿಂದ ಬ್ಯಾಂಕುಗಳು ನೀಡುವ ಹೊಸ ಚರ ಬಡ್ಡಿದರದ ಗೃಹಸಾಲಗಳನ್ನು ರೆಪೊ ದರದಂತಹ ಬಾಹ್ಯ ಮಾನದಂಡಕ್ಕೆ ಜೋಡಿಸುವುದು ಕಡ್ಡಾಯವಾಯಿತು.

2022ರ ಮೇ ತಿಂಗಳ ಆರಂಭದಲ್ಲಿ 4% ಇದ್ದ ರೆಪೊ ದರವು 2023ರ ಫೆಬ್ರುವರಿಯ ಹೊತ್ತಿಗೆ 6.5% ತಲುಪಿತು. ಇದರ ಪರಿಣಾಮವನ್ನು ಒಂದು ಲೆಕ್ಕದಿಂದ ತಿಳಿಯಬಹುದು. ₹20 ಲಕ್ಷವನ್ನು 6.5% ದರದಲ್ಲಿ 20 ವರ್ಷಕ್ಕೆ ಪಡೆದವರ ಕಂತು ₹14,911. ಒಂದು ವರ್ಷದ ಬಳಿಕ ಅವರ ಬಾಕಿ ಸುಮಾರು ₹19.50 ಲಕ್ಷ. ಆಗ ದರ 9%ಕ್ಕೆ ಏರಿದರೆ ತಿಂಗಳ ಬಡ್ಡಿಯೇ ₹14,622 ಆಗುತ್ತದೆ. ಕಂತನ್ನು ಹೆಚ್ಚಿಸದೆ ಬಿಟ್ಟರೆ ಅಸಲಿಗೆ ಸೇರುವುದು ಬರೀ ₹290. ಉಳಿದಿದ್ದ 19 ವರ್ಷದ ಅವಧಿ ಸುಮಾರು 44 ವರ್ಷಕ್ಕೆ ಹಿಗ್ಗುತ್ತದೆ. ಅದೇ 19 ವರ್ಷದಲ್ಲಿ ತೀರಿಸಬೇಕಾದರೆ ಕಂತು ₹17,876ಕ್ಕೆ ಏರಬೇಕು. ಕಂತು ಬದಲಾಗದ ಕಾರಣ ಸಾಲಗಾರನಿಗೆ ಏನೂ ಆಗಿಲ್ಲವೆನಿಸುತ್ತದೆ, ಅಪಾಯವಿರುವುದು ಅಲ್ಲಿಯೇ.

ಈ ಹಿನ್ನೆಲೆಯಲ್ಲಿ ರಿಸರ್ವ್ ಬ್ಯಾಂಕ್ 2023ರ ಆಗಸ್ಟ್ 18ರಂದು ಸೂಚನೆ ಹೊರಡಿಸಿತು. ಅದರಂತೆ ದರ ಮರುನಿಗದಿಯಾಗುವಾಗ ಕಂತು ಅಥವಾ ಅವಧಿಯಲ್ಲಾಗುವ ಬದಲಾವಣೆಯನ್ನು ಸಾಲಗಾರನಿಗೆ ತಿಳಿಸಬೇಕು. ಕಂತು ಏರಿಸುವ, ಅವಧಿ ಹಿಗ್ಗಿಸುವ, ಎರಡನ್ನೂ ಸೇರಿಸುವ ಅಥವಾ ಅವಧಿಪೂರ್ವ ಪಾವತಿ ಮಾಡುವ ಆಯ್ಕೆ ಅವನಿಗಿರಬೇಕು. ಕಂತು ಬಡ್ಡಿಗೂ ಸಾಲದೆ ಬಾಕಿ ಬೆಳೆಯುವ ಸ್ಥಿತಿ ಬರಬಾರದು. ತ್ರೈಮಾಸಿಕ ವಿವರಪಟ್ಟಿಯಲ್ಲಿ ಅದುವರೆಗೆ ಪಡೆದ ಅಸಲು ಮತ್ತು ಬಡ್ಡಿ, ಉಳಿದ ಕಂತುಗಳ ಸಂಖ್ಯೆ ಹಾಗೂ ವಾರ್ಷಿಕ ದರ ಇರಬೇಕು.

## ಬಡ್ಡಿಯಲ್ಲದ ವೆಚ್ಚಗಳು

ಪರಿಶೀಲನಾ ಶುಲ್ಕ ಮತ್ತು ಅದರ ಮೇಲಿನ 18% ಸರಕು ಮತ್ತು ಸೇವಾ ತೆರಿಗೆ, ವಕೀಲರ ಅಭಿಪ್ರಾಯ, ಸ್ವತ್ತಿನ ಮೌಲ್ಯಮಾಪನ, ಅಡಮಾನ ಪತ್ರದ ಮುದ್ರಾಂಕ ಶುಲ್ಕ ಇವು ಆರಂಭದಲ್ಲಿಯೇ ತಗಲುತ್ತವೆ. ಜೀವವಿಮೆಯ ಏಕಕಂತನ್ನು ಸಾಲಕ್ಕೆ ಸೇರಿಸುವ ಪದ್ಧತಿಯೂ ಇದೆ. ₹60,000 ವಿಮಾ ಕಂತನ್ನು ಮೇಲಿನ 20 ವರ್ಷದ ಸಾಲಕ್ಕೆ ಸೇರಿಸಿದರೆ ಕೊನೆಗೆ ತೆತ್ತಿರುವುದು ಸುಮಾರು ₹1.25 ಲಕ್ಷ. ದುಡಿಯುವವರು ಒಬ್ಬರೇ ಇರುವ ಮನೆಗೆ ವಿಮೆ ಅಗತ್ಯವಾದರೂ, ಅದನ್ನು ಸಾಲ ಕೊಡುವ ಸಂಸ್ಥೆಯಿಂದಲೇ ಕೊಳ್ಳಬೇಕೆಂಬ ಕಾನೂನಿಲ್ಲ.

ಸ್ವತ್ತಿನ ಪೂರ್ಣ ಬೆಲೆಗೆ ಸಾಲ ಸಿಗುವುದಿಲ್ಲ. ₹30 ಲಕ್ಷದವರೆಗಿನ ಸಾಲಕ್ಕೆ ಬೆಲೆಯ ಗರಿಷ್ಠ 90%, ₹75 ಲಕ್ಷದವರೆಗೆ 80%, ಅದಕ್ಕೂ ಮೇಲ್ಪಟ್ಟರೆ 75% ಮಿತಿಯಿದೆ. ಉಳಿದ ಪಾಲನ್ನೂ ನೋಂದಣಿ ವೆಚ್ಚವನ್ನೂ ಒಡವೆ ಅಡವಿಟ್ಟೋ ಕೈಸಾಲ ಮಾಡಿಯೋ ತಂದರೆ ಆ ಬಡ್ಡಿಯನ್ನೂ ಮನೆಯ ಲೆಕ್ಕಕ್ಕೇ ಬರೆಯಬೇಕು.

2024ರ ಅಕ್ಟೋಬರ್ 1ರಿಂದ ಮಂಜೂರಾಗುವ ಹೊಸ ಸಾಲಗಳಿಗೆ ಮುಖ್ಯಾಂಶಗಳ ಹೇಳಿಕೆಯನ್ನು ಸಾಲಗಾರನಿಗೆ ಅರ್ಥವಾಗುವ ಭಾಷೆಯಲ್ಲಿ ನೀಡುವುದು ಕಡ್ಡಾಯ. ಬಡ್ಡಿಯೊಂದಿಗೆ ಶುಲ್ಕಗಳನ್ನೂ ಸೇರಿಸಿ ಲೆಕ್ಕ ಹಾಕಿದ ವಾರ್ಷಿಕ ಶೇಕಡಾ ದರ ಅದರಲ್ಲಿರುತ್ತದೆ. ಎರಡು ಬ್ಯಾಂಕುಗಳ ಸಾಲವನ್ನು ಹೋಲಿಸಲು ಜಾಹೀರಾತಿನ ಬಡ್ಡಿದರಕ್ಕಿಂತ ಈ ದರ ಹೆಚ್ಚು ವಿಶ್ವಾಸಾರ್ಹ.

## ಸೇಡಂ, ಚಿತ್ತಾಪುರ, ಶಹಾಬಾದ್ ಮತ್ತು ಚಿಂಚೋಳಿ ಭಾಗದಲ್ಲಿ

ಕಲಬುರಗಿ ಜಿಲ್ಲೆಯ ಪೂರ್ವ ಮತ್ತು ಆಗ್ನೇಯ ಭಾಗ ಸುಣ್ಣಕಲ್ಲಿನ ನಾಡು. ಶಹಾಬಾದ್ ಕಲ್ಲಿನ ಗಣಿಗಳು ಮತ್ತು ವಾಡಿ, ಸೇಡಂ, ಮಳಖೇಡಗಳ ಸಿಮೆಂಟ್ ಕಾರ್ಖಾನೆಗಳು ಇಲ್ಲಿನ ಮುಖ್ಯ ಉದ್ಯಮಗಳು. ಒಕ್ಕಲುತನದಲ್ಲಿ ತೊಗರಿಯೇ ಪ್ರಧಾನ. ಮನೆಗೆ ಬೇಕಾದ ಸಿಮೆಂಟೂ ಹಾಸುಗಲ್ಲೂ ಊರ ಪಕ್ಕದಲ್ಲೇ ಸಿಗುತ್ತವೆ. ಮನೆಯ ಸಾಲ ಮಾತ್ರ ಎಲ್ಲರಿಗೂ ಒಂದೇ ಬೆಲೆಗೆ ಸಿಗುವುದಿಲ್ಲ.

ಕಾರ್ಖಾನೆಯ ಕಾಯಂ ನೌಕರರು, ರೈಲ್ವೆ ಸಿಬ್ಬಂದಿ ಮತ್ತು ಶಿಕ್ಷಕರಿಗೆ ಸಂಬಳದ ಚೀಟಿಯಿದೆ. ಗುತ್ತಿಗೆ ಕಾರ್ಮಿಕರಿಗೂ ಕಲ್ಲುಗಣಿಯ ಕೂಲಿಗಳಿಗೂ ಆದಾಯದ ದಾಖಲೆ ಇರುವುದು ಕಡಿಮೆ. ತೊಗರಿ ಬೆಳೆಗಾರರ ಕೈಗೆ ಹಣ ಬರುವುದು ರಾಶಿ ಮುಗಿದ ಮೇಲೆ, ಬಹುತೇಕ ಜನವರಿಯ ನಂತರ. ತಿಂಗಳಿಗೊಮ್ಮೆ ಬರುವ ಕಂತಿಗೂ ವರ್ಷಕ್ಕೊಮ್ಮೆ ಬರುವ ಆದಾಯಕ್ಕೂ ಹೊಂದಿಕೆಯಾಗುವುದಿಲ್ಲ. ಇಂಥವರು ಮುಂದಿನ ಆರೇಳು ತಿಂಗಳ ಕಂತನ್ನು ಸುಗ್ಗಿಯ ಹಣದಲ್ಲೇ ಪ್ರತ್ಯೇಕವಾಗಿ ತೆಗೆದಿಡದಿದ್ದರೆ ಮಳೆಗಾಲದಲ್ಲಿ ಕಂತು ತಪ್ಪುವ ಸಂಭವ ಹೆಚ್ಚು.

ಎರಡನೆಯ ತೊಡಕು ಆಸ್ತಿಯ ದಾಖಲೆಯದು. ಗ್ರಾಮ ಪಂಚಾಯಿತಿ ವ್ಯಾಪ್ತಿಯ ಮನೆಗೆ ಇ-ಸ್ವತ್ತು ದಾಖಲೆ, ಪಟ್ಟಣದ ಮನೆಗೆ ಪುರಸಭೆ ಅಥವಾ ನಗರಸಭೆಯ ಖಾತೆ, ಜೊತೆಗೆ ಋಣಭಾರ ಪ್ರಮಾಣಪತ್ರ ಇವನ್ನು ಬ್ಯಾಂಕುಗಳು ಕೇಳುತ್ತವೆ. ಅಜ್ಜನ ಹೆಸರಿನಲ್ಲೇ ಉಳಿದಿರುವ ಮನೆ, ಬಾಯಿಮಾತಿನಲ್ಲಿ ಪಾಲಾದ ಜಾಗ, ಕೃಷಿಯೇತರ ಬಳಕೆಗೆ ಪರಿವರ್ತನೆಯಾಗದ ಹೊಲದಲ್ಲಿ ಕಟ್ಟಿದ ಮನೆ ಇವುಗಳಿಗೆ ಬ್ಯಾಂಕಿನ ಸಾಲ ದೊರೆಯುವುದು ಕಷ್ಟ.

ಆಗ ಉಳಿಯುವ ದಾರಿ ಸಾಹುಕಾರರ ಕೈಸಾಲ. ಅಲ್ಲಿ ಬಡ್ಡಿಯನ್ನು ವರ್ಷದ ಲೆಕ್ಕದಲ್ಲಿ ಹೇಳುವ ರೂಢಿಯಿಲ್ಲ. ‘ಎರಡು ರೂಪಾಯಿ ಬಡ್ಡಿ’ ಎಂದರೆ ನೂರಕ್ಕೆ ತಿಂಗಳಿಗೆ ಎರಡು ರೂಪಾಯಿ, ಅಂದರೆ ವರ್ಷಕ್ಕೆ 24%. ಐದು ಲಕ್ಷ ರೂಪಾಯಿಗೆ ಈ ದರದಲ್ಲಿ ತಿಂಗಳಿಗೆ ₹10,000 ಬಡ್ಡಿ ಕಟ್ಟುತ್ತಾ ಹೋದರೆ ಎಷ್ಟು ವರ್ಷವಾದರೂ ಅಸಲು ಐದು ಲಕ್ಷವಾಗಿಯೇ ನಿಂತಿರುತ್ತದೆ. ಅದೇ ಐದು ಲಕ್ಷವನ್ನು 8.5% ದರದ ಗೃಹಸಾಲವಾಗಿ ಪಡೆದು ತಿಂಗಳಿಗೆ ಅದೇ ₹10,000 ಕಟ್ಟಿದರೆ 62 ತಿಂಗಳಲ್ಲಿ ಅಸಲೂ ಬಡ್ಡಿಯೂ ಸೇರಿ ಪೂರ್ತಿ ಸಾಲ ತೀರುತ್ತದೆ. ಆದ್ದರಿಂದ ಮನೆ ಕಟ್ಟುವ ಮೊದಲು ವಾರಸಾ ಬದಲಾವಣೆ, ಪಾಲುಪಟ್ಟಿಯ ನೋಂದಣಿ ಮತ್ತು ಖಾತೆ ಸರಿಪಡಿಸುವ ಕೆಲಸಕ್ಕೆ ಆಗುವ ವೆಚ್ಚವು ನಿಜವೆಚ್ಚವನ್ನು ತಗ್ಗಿಸುವ ವೆಚ್ಚವೇ ಆಗಿದೆ.

ಸ್ವಂತ ನಿವೇಶನದಲ್ಲಿ ಮನೆ ಕಟ್ಟುವವರಿಗೆ ಸಾಲವು ತಳಪಾಯ, ಗೋಡೆ, ಛಾವಣಿ ಹೀಗೆ ಹಂತಹಂತವಾಗಿ ಬಿಡುಗಡೆಯಾಗುತ್ತದೆ. ಆ ಅವಧಿಯಲ್ಲಿ ಬಿಡುಗಡೆಯಾದ ಮೊತ್ತಕ್ಕೆ ಬಡ್ಡಿ ಮಾತ್ರ ಕಟ್ಟುವ ವ್ಯವಸ್ಥೆ ಸಾಮಾನ್ಯ. ಕೆಲಸ ನಿಂತಷ್ಟು ದಿನ ಅಸಲು ಕರಗದೆ ಬಡ್ಡಿ ಓಡುತ್ತದೆ, ಬಾಡಿಗೆಯೂ ತಪ್ಪುವುದಿಲ್ಲ.

## ಅವಧಿಪೂರ್ವ ಪಾವತಿ

ಕಂತಿನ ಹೊರತಾಗಿ ಕಟ್ಟುವ ಹಣ ನೇರವಾಗಿ ಅಸಲಿಗೆ ಸೇರುತ್ತದೆ. ಮೇಲಿನ ₹20 ಲಕ್ಷದ ಸಾಲದಲ್ಲಿ ಮೊದಲ ವರ್ಷದ ಕೊನೆಗೆ ₹1 ಲಕ್ಷ ಹೆಚ್ಚುವರಿ ಕಟ್ಟಿ ಕಂತನ್ನು ಹಾಗೆಯೇ ಮುಂದುವರಿಸಿದರೆ ಸುಮಾರು 26 ಕಂತುಗಳು ಕಡಿಮೆಯಾಗಿ ₹3.5 ಲಕ್ಷದಷ್ಟು ಬಡ್ಡಿ ಉಳಿಯುತ್ತದೆ. ಅದೇ ಮೊತ್ತವನ್ನು ಹತ್ತನೆಯ ವರ್ಷದ ಕೊನೆಗೆ ಕಟ್ಟಿದರೆ ಉಳಿತಾಯ ಸುಮಾರು ₹1.2 ಲಕ್ಷ. ಕಂತನ್ನು ಇಳಿಸಬೇಡಿ, ಅವಧಿಯನ್ನು ಇಳಿಸಿ ಎಂದು ಬ್ಯಾಂಕಿಗೆ ಲಿಖಿತವಾಗಿ ಕೋರುವುದು ಒಳಿತು.

ವ್ಯಕ್ತಿಗಳು ಪಡೆದ ಚರ ಬಡ್ಡಿದರದ ಗೃಹಸಾಲಕ್ಕೆ ಬ್ಯಾಂಕುಗಳು ಅವಧಿಪೂರ್ವ ಪಾವತಿಯ ದಂಡ ವಿಧಿಸುವುದನ್ನು ರಿಸರ್ವ್ ಬ್ಯಾಂಕ್ 2012ರ ಜೂನ್‌ನಲ್ಲಿ ನಿಷೇಧಿಸಿತು. ಆದರೆ ಕಾಯಿಲೆ, ಬರ, ಕೆಲಸದ ನಿಲುಗಡೆಗಳಿಗಾಗಿ ಇರಿಸಿದ ಆಪದ್ಧನವನ್ನೂ ಬರಿದು ಮಾಡಿ ಸಾಲಕ್ಕೆ ಕಟ್ಟಿದರೆ, ಮುಂದೆ ಅಧಿಕ ಬಡ್ಡಿಯ ಕೈಸಾಲಕ್ಕೆ ಹೋಗಬೇಕಾದೀತು.

## ತೆರಿಗೆ ಮತ್ತು ಸಹಾಯಧನ

ಹಳೆಯ ತೆರಿಗೆ ಪದ್ಧತಿಯನ್ನು ಆರಿಸಿಕೊಂಡವರಿಗೆ ಸ್ವಂತ ವಾಸದ ಮನೆಯ ಸಾಲದ ಬಡ್ಡಿಯಲ್ಲಿ ವರ್ಷಕ್ಕೆ ₹2 ಲಕ್ಷದವರೆಗೆ ಆದಾಯದಿಂದ ಕಡಿತವಿದೆ. ಹೊಸ ಪದ್ಧತಿಯಲ್ಲಿ ಸ್ವಂತ ವಾಸದ ಮನೆಗೆ ಈ ಕಡಿತವಿಲ್ಲ. 2024ರಲ್ಲಿ ಆರಂಭವಾದ ನಗರ ಪ್ರಧಾನ ಮಂತ್ರಿ ಆವಾಸ್ ಯೋಜನೆಯ ಎರಡನೆಯ ಆವೃತ್ತಿಯಲ್ಲಿ, ವಾರ್ಷಿಕ ಆದಾಯ ₹9 ಲಕ್ಷದೊಳಗಿರುವ ಅರ್ಹ ಕುಟುಂಬಗಳಿಗೆ ಸಾಲದ ಮೊದಲ ₹8 ಲಕ್ಷದ ಮೇಲೆ 4% ಬಡ್ಡಿ ಸಹಾಯಧನವಿದೆ. ಇದರ ಗರಿಷ್ಠ ಮೊತ್ತ ₹1.80 ಲಕ್ಷ, ಐದು ವಾರ್ಷಿಕ ಕಂತುಗಳಲ್ಲಿ ದೊರೆಯುತ್ತದೆ.

## ಕಂತು ತಪ್ಪಿದಾಗ

90 ದಿನಗಳಿಗೂ ಮೀರಿ ಕಂತು ಬಾಕಿಯಾದರೆ ಖಾತೆಯು ಅನುತ್ಪಾದಕ ಆಸ್ತಿಯಾಗುತ್ತದೆ. ಆನಂತರ 2002ರ ಸರ್ಫೇಸಿ ಕಾಯ್ದೆಯಡಿ ಬ್ಯಾಂಕು 60 ದಿನಗಳ ನೋಟಿಸು ನೀಡಿ, ನ್ಯಾಯಾಲಯದಲ್ಲಿ ದಾವೆ ಹೂಡದೆಯೇ ಅಡಮಾನದ ಸ್ವತ್ತನ್ನು ವಶಕ್ಕೆ ಪಡೆಯಲು ಮುಂದಾಗಬಹುದು. ಕೃಷಿಭೂಮಿಗೆ ಈ ಕಾಯ್ದೆ ಅನ್ವಯಿಸುವುದಿಲ್ಲ. ಕಷ್ಟ ಎದುರಾದಾಗ ಖಾತೆ ಈ ಹಂತ ತಲುಪುವ ಮೊದಲೇ ಶಾಖೆಗೆ ಹೋಗಿ ಕಂತಿನ ಮರುಹೊಂದಾಣಿಕೆಗೆ ಲಿಖಿತ ಮನವಿ ಸಲ್ಲಿಸಬಹುದು.

## ಸಾಲ ತೀರಿದ ಬಳಿಕ

ಕೊನೆಯ ಕಂತು ಕಟ್ಟಿದೊಡನೆ ವ್ಯವಹಾರ ಮುಗಿಯುವುದಿಲ್ಲ. ಬಾಕಿ ಇಲ್ಲವೆಂಬ ಪತ್ರ ಪಡೆಯಬೇಕು, ಅಡಮಾನ ನೋಂದಣಿಯಾಗಿದ್ದಲ್ಲಿ ಅದರ ಬಿಡುಗಡೆಯನ್ನೂ ಉಪನೋಂದಣಾಧಿಕಾರಿ ಕಚೇರಿಯಲ್ಲಿ ದಾಖಲಿಸಬೇಕು. ಇಲ್ಲವಾದರೆ ಋಣಭಾರ ಪ್ರಮಾಣಪತ್ರದಲ್ಲಿ ತೀರಿದ ಸಾಲವೂ ಉಳಿದಂತೆಯೇ ಕಾಣುತ್ತದೆ. 2023ರ ಡಿಸೆಂಬರ್ 1ರಿಂದ ಜಾರಿಯಲ್ಲಿರುವ ನಿಯಮದಂತೆ, ಸಾಲ ಪೂರ್ಣ ತೀರಿದ 30 ದಿನಗಳೊಳಗೆ ಮೂಲ ದಾಖಲೆಗಳನ್ನು ಹಿಂದಿರುಗಿಸಬೇಕು. ಸಂಸ್ಥೆಯ ಕಾರಣದಿಂದ ವಿಳಂಬವಾದರೆ ದಿನಕ್ಕೆ ₹5,000ರಂತೆ ಸಾಲಗಾರನಿಗೆ ಪರಿಹಾರ ಸಲ್ಲಬೇಕು.

## ಇವನ್ನೂ ನೋಡಿ

* ಬಡ್ಡಿ
* ಅಡಮಾನ
* ಭಾರತೀಯ ರಿಸರ್ವ್ ಬ್ಯಾಂಕ್
* ಕಲಬುರಗಿ ಜಿಲ್ಲೆ